ನೆತ್ತಿ ಮೇಲೆ ಇಮಾನ, ಹತ್ಲಾಕ ಹೈದರಾಬಾದ್

ಬೀದರಿನಲ್ಲಿ ಬೆಳೆಯುವ ಮಕ್ಕಳಿಗೆ ಕಾಗೆಯ ದನಿ, ಕೋಳಿಯ ದನಿ, ಜೆಟ್ ವಿಮಾನದ ದನಿ ಒಟ್ಟಿಗೇ ಗುರುತಾಗುತ್ತವೆ. ಊರಿಗೆ ಆತುಕೊಂಡೇ ವಾಯುಪಡೆಯ ತರಬೇತಿ ಕೇಂದ್ರ. ಲೆಕ್ಕದ ನಡುವೆ ವಿಮಾನ ಬಂದರೆ ನಮ್ಮ ಗಣಿತದ ಮಾಸ್ತರರು ಮಾತು ನಿಲ್ಲಿಸಿ, ಖಡು ಹಿಡಿದ ಕೈಯನ್ನು ಹಲಗೆಯ ಮೇಲೇ ಬಿಟ್ಟು ನಿಲ್ಲುತ್ತಿದ್ದರು. ಸದ್ದು ಕೋಟೆಯಾಚೆ ಹೋದ ಮೇಲೆ ಬಿಟ್ಟ ಅಂಕಿಯಿಂದಲೇ ಮುಂದುವರಿಕೆ. 1996ರಲ್ಲಿ ವಾಯುಪಡೆಯ ಕಸರತ್ತಿನ ಸೂರ್ಯಕಿರಣ ತಂಡ ಕಟ್ಟಿದ್ದೂ ಇಲ್ಲೇ. ತೊಗರಿ ಹೊಲದಲ್ಲಿ ಬಗ್ಗಿದವರು ಒಮ್ಮೆ ಸೊಂಟ ನೆಟ್ಟಗೆ ಮಾಡಿ, ತಲೆಕೆಳಗಾಗಿ ಹಾರುವ ವಿಮಾನ ನೋಡಿ, ಮತ್ತೆ ಬಗ್ಗುತ್ತಿದ್ದರು. ಇಷ್ಟಿದ್ದೂ, ಟಿಕೆಟ್ ತೆಗೆಸಿ ಒಳಗೆ ಕೂಡುವ ವಿಮಾನ ಬೇಕೆಂದರೆ ಹೈದರಾಬಾದ್ ಬಸ್ಸು ಹತ್ತಬೇಕಿತ್ತು.

ಆಗ ಹೈದರಾಬಾದಿನ ವಿಮಾನ ನಿಲ್ದಾಣವೆಂದರೆ ಬೇಗಂಪೇಟೆ. ಜಹೀರಾಬಾದ್, ಸಂಗಾರೆಡ್ಡಿ, ಪಟಾನ್‌ಚೆರು ದಾಟಿ ಬಂದ ಬಸ್ಸನ್ನು ಅಮೀರಪೇಟೆಯಲ್ಲಿ ಇಳಿದು ಆಟೋ ಹಿಡಿದರೆ ಮುಗಿಯಿತು. ನಮ್ಮ ಮಾಮಾ ದುಬೈಗೆ ಹೊರಟ ದಿನ ಹೋಗುವವನು ಒಬ್ಬ, ಕಳಿಸಲು ಹೋದವರು ಜೀಪು ತುಂಬ. ಹೊರಗಿನ ಕಟ್ಟೆಯ ಮೇಲೆ ಅವ್ವ ಜೋಳದ ರೊಟ್ಟಿ, ಹಿಂಡಿಯ ಗಂಟು ಬಿಚ್ಚಿದಳು. ಪಕ್ಕದಲ್ಲಿ ಹಳೇ ಶಹರದಿಂದ ಬಂದ ಇನ್ನೊಂದು ಬಳಗ. ಆ ಮನೆಯ ತಾಯಿ ಮಗನ ಬಲತೋಳಿಗೆ ಇಮಾಮ್ ಜಾಮಿನ್ ಕಟ್ಟುತ್ತಿದ್ದಳು: ನಾಣ್ಯ ಒಳಗಿಟ್ಟು ಹೊಲಿದ ಸಣ್ಣ ಬಟ್ಟೆಪಟ್ಟಿ. ಪ್ರಯಾಣದವನು ಸುಖವಾಗಿ ಮುಟ್ಟಿದ ಮೇಲೆ ಆ ರೊಕ್ಕವನ್ನು ಬಡವರಿಗೆ ಕೊಡಬೇಕಂತೆ. ಅವ್ವ ಎದ್ದು ಹೋಗಿ ದಖನಿಯಲ್ಲೇ ವಿಚಾರಿಸಿಕೊಂಡು ಬಂದಳು. ಬಂದವಳೇ ಸೆರಗಿನ ಅಂಚಿನಿಂದ ಒಂದು ರೂಪಾಯಿ ಬಿಚ್ಚಿ, ರೊಟ್ಟಿ ಸುತ್ತಿದ ಬಟ್ಟೆಯ ಅಂಚು ಹರಿದು, ಮಾಮಾನ ತೋಳಿಗೆ ಬಿಗಿದಳು. ‘ಯಕ್ಕಾ, ಜನ ನೋಡ್ತಾರ’ ಅಂದ ಮಾಮಾ. ‘ನೋಡ್ಲಿ, ಒಳ್ಳೇದಕ್ಕ ಯಾವ ದೇವರಾದ್ರೇನು’ ಅಂದಳು. ಗಂಟು ಎರಡು ಸಲ ಜಗ್ಗಿ ನೋಡಿದಳು.

ಬೇಗಂಪೇಟೆ ರಾಜಧಾನಿಯ ನಿಲ್ದಾಣವಾದರೂ ಗುಣ ಜಿಲ್ಲಾಕೇಂದ್ರದ ಬಸ್‌ಸ್ಟ್ಯಾಂಡಿನದೇ. ಹುಟ್ಟಿದ್ದು ನಿಜಾಮರ ಕಾಲದಲ್ಲಿ, 1930ರ ದಶಕದಲ್ಲಿ, ಹೈದರಾಬಾದ್ ಏರೋ ಕ್ಲಬ್ಬಿನ ಬಯಲಾಗಿ. 1937ರಲ್ಲಿ ಕಟ್ಟಡ ಬಂತು. 1945ರಲ್ಲಿ ನಿಜಾಮ್ ಸರ್ಕಾರ ಮತ್ತು ಟಾಟಾ ಕೂಡಿ ಡೆಕ್ಕನ್ ಏರ್‌ವೇಸ್ ಮಾಡಿದರು. ಡಕೋಟಾ ವಿಮಾನಗಳು ಇಲ್ಲಿಂದ ಹಾರಿದವು. ಹೆಣ್ಣು ಪೈಲಟ್ ಬೇಡವೆಂದು ಬೇರೆ ಕಂಪನಿಗಳು ತಿರುಗಿಸಿ ಕಳಿಸಿದ ಪ್ರೇಮ್ ಮಾಥುರ್ ಅವರಿಗೆ ಕೆಲಸ ಕೊಟ್ಟದ್ದು ಇದೇ ಕಂಪನಿ. ನಿಜಾಮಶಾಹಿಯ ಲೆಕ್ಕದಲ್ಲಿ ಒಳ್ಳೆಯದನ್ನು ಬರೆಯುವ ಕಾಲಂ ಚಿಕ್ಕದು, ಇದನ್ನು ಅಲ್ಲಿ ಬರೆಯಲೇಬೇಕು. 1953ರ ರಾಷ್ಟ್ರೀಕರಣದಲ್ಲಿ ಕಂಪನಿ ಇಂಡಿಯನ್ ಏರ್‌ಲೈನ್ಸಿನಲ್ಲಿ ಕರಗಿತು.

ನಮ್ಮ ಬೀದರಿಗೆ ನಿಜಾಮ ಕೊಟ್ಟ ವಿಮಾನಯೋಗ ಬೇರೆ ತರಹದ್ದು. 1948ರಲ್ಲಿ ಸಿಡ್ನಿ ಕಾಟನ್ ಎಂಬ ಆಸ್ಟ್ರೇಲಿಯಾದ ವೈಮಾನಿಕ ಕರಾಚಿಯಿಂದ ಲ್ಯಾಂಕಾಸ್ಟ್ರಿಯನ್ ವಿಮಾನಗಳಲ್ಲಿ ಹೈದರಾಬಾದ್ ಸಂಸ್ಥಾನಕ್ಕೆ ಕದ್ದು ಶಸ್ತ್ರ ಸಾಗಿಸುತ್ತಿದ್ದ. ಅವು ಇಳಿಯುತ್ತಿದ್ದ ಜಾಗಗಳಲ್ಲಿ ಬೀದರೂ ಒಂದು. ಸೆಪ್ಟೆಂಬರಿನಲ್ಲಿ ಸಂಸ್ಥಾನವನ್ನು ಭಾರತಕ್ಕೆ ಸೇರಿಸುವ ಪೊಲೀಸ್ ಕಾರ್ಯಾಚರಣೆ ಶುರುವಾದಾಗ ಭಾರತದ ವಾಯುಪಡೆ ಬಾಂಬು ಹಾಕಿದ್ದೂ ಬೀದರಿನ ಆ ರನ್‌ವೇ ಮೇಲೆಯೇ. ಟಿಕೆಟ್ ಕೊಂಡ ಮನುಷ್ಯ ಬೀದರಿನಲ್ಲಿ ಇಳಿಯುವುದಕ್ಕೆ 70 ವರ್ಷ ಮೊದಲೇ ಬಂದೂಕಿನ ಪೆಟ್ಟಿಗೆಗಳು ಇಳಿದಾಗಿತ್ತು.

ಇತ್ತ ಹೈದರಾಬಾದಿನಲ್ಲಿ ಬೇಗಂಪೇಟೆಯ ಸುತ್ತ ಮನೆಗಳು ಒತ್ತಿದವು. ರನ್‌ವೇ ಬೆಳೆಯಲು ಜಾಗವಿಲ್ಲ. ಸಾಫ್ಟ್‌ವೇರಿನ ಕಾಲ ಬಂದ ಮೇಲಂತೂ ಹೋಗುವವರಿಗೂ ಕಳಿಸುವವರಿಗೂ ನಿಲ್ಲಲು ನೆಲವಿರಲಿಲ್ಲ. ಬೆಂಗಳೂರು ಹೆದ್ದಾರಿಯಲ್ಲಿ, ಶಂಶಾಬಾದಿನ ಪಕ್ಕ ಹೊಸ ನಿಲ್ದಾಣಕ್ಕೆಂದು ಸುಮಾರು 5,500 ಎಕರೆ ಗುರುತಿಸಿದರು, 2005ರಲ್ಲಿ ಅಡಿಗಲ್ಲು. ಅಲ್ಲಿಯವರೆಗೆ ಶಂಶಾಬಾದ್ ಎಂದರೆ ರಾತ್ರಿಬಸ್ಸಿನಲ್ಲಿ ಬೆಂಗಳೂರಿನಿಂದ ಬರುವವರು ಕಣ್ಣುಜ್ಜಿಕೊಂಡು ಚಪ್ಪಲಿ ಹುಡುಕುವ ಊರು. ಬಂಡೆ, ಕುರುಚಲು, ಹೆದ್ದಾರಿಯ ಚಹಾದಂಗಡಿ. ಒಳಗೆ ಅಮ್ಮಪಲ್ಲಿಯಲ್ಲಿ ಎತ್ತರದ ಗೋಪುರದ ಹಳೆಯ ರಾಮನ ಗುಡಿ. ತೆಲುಗು ಸಿನಿಮಾ ನೋಡಿದವರೆಲ್ಲ ಹೆಸರು ಗೊತ್ತಿಲ್ಲದೆಯೇ ನೋಡಿರುವ ಗುಡಿ ಅದು. ಅಷ್ಟು ಮಂದಿ ನಾಯಕ ನಾಯಕಿಯರ ಲಗ್ನ ಅಲ್ಲಾಗಿದೆ.

ಹೊಸ ನಿಲ್ದಾಣದ ಉದ್ಘಾಟನೆ 2008ರ ಮಾರ್ಚ್ 14ಕ್ಕೆ. ಬೇಗಂಪೇಟೆಯ ದೇಶೀಯ ಟರ್ಮಿನಲ್ಲಿಗಿದ್ದ ಎನ್.ಟಿ. ರಾಮರಾವ್ ಹೆಸರು ಇಲ್ಲಿಗೆ ಬರಲಿಲ್ಲವೆಂದು ಜಗಳವಾಯಿತು. ಮಾರ್ಚ್ 22ರ ನಡುರಾತ್ರಿ ಬೇಗಂಪೇಟೆಯ ಪ್ರಯಾಣಿಕ ವಿಮಾನಗಳು ನಿಂತವು. 23ರ ಮೊದಲ ಗಳಿಗೆಯಲ್ಲೇ ಫ್ರಾಂಕ್‌ಫರ್ಟಿನಿಂದ ಬಂದ ಲುಫ್ತಾನ್ಸಾ ಶಂಶಾಬಾದಿನಲ್ಲಿ ಇಳಿಯಿತು. ರನ್‌ವೇ ಉದ್ದ 4,260 ಮೀಟರ್. ಎಂಥ ದೈತ್ಯ ವಿಮಾನವಾದರೂ ಬರಬಹುದು. ವರ್ಷಕ್ಕೆ 1.2 ಕೋಟಿ ಜನರಿಗೆಂದು ಕಟ್ಟಿದ್ದನ್ನು ಈಗ 3.4 ಕೋಟಿಗೆ ಹಿಗ್ಗಿಸಿದ್ದಾರೆ.

ನಮ್ಮ ಮನೆಯಲ್ಲಿ ಎದ್ದ ಪ್ರಶ್ನೆ ಬೇರೆ. ‘ಇದು ಹೈದರಾಬಾದ ಏನು, ಮೆಹಬೂಬನಗರ ಏನು?’ ಎಂದಳು ಅವ್ವ. ತಪ್ಪಿಲ್ಲ, ಊರು ದಾಟಿ, ಮೆಹದಿಪಟ್ಟಣದ ಸಂದಣಿ ದಾಟಿ, ಆರಾಮ್‌ಘರ್ ದಾಟಿ ಹೋಗುವುದರೊಳಗೆ ರೊಟ್ಟಿಗಂಟು ಖಾಲಿ. 2009ರಲ್ಲಿ ಮೆಹದಿಪಟ್ಟಣದಿಂದ ಆರಾಮ್‌ಘರ್‌ವರೆಗೆ 11.6 ಕಿ.ಮೀ. ಉದ್ದದ ಪಿ.ವಿ. ನರಸಿಂಹರಾವ್ ಮೇಲ್ಸೇತುವೆ ಆಯಿತು. ಆದರೆ ನಮ್ಮ ಹಣೆಬರಹ ಬದಲಿಸಿದ್ದು ಹೊರವರ್ತುಲ ರಸ್ತೆ. ಅದು ಪಟಾನ್‌ಚೆರು ಮುಟ್ಟಿದ ಮೇಲೆ ಬೀದರಿನ ಗಾಡಿ ಶಹರದ ಮುಖ ನೋಡುವುದೇ ಬೇಡವಾಯಿತು. ಅಲ್ಲೇ ರಸ್ತೆ ಏರಿ ನೇರ ಶಂಶಾಬಾದಿಗೆ ಇಳಿಯಬಹುದು. ಹೈದರಾಬಾದಿನವರಿಗೆ ದೂರವಾದ ನಿಲ್ದಾಣ ನಮಗೆ ಹತ್ತಿರವಾಯಿತು. ಬರುವಾಗ ಕೋಟಿಯಲ್ಲಿ ಸೀರೆ ನೋಡುವ ನೆಪ ತಪ್ಪಿತೆಂದು ಹೆಂಗಸರಿಗೆ ಮಾತ್ರ ಬೇಜಾರು.

ಹತ್ತಿರವಾದದ್ದೇ ನಮಗೆ ಮುಳುವಾಯಿತು. ಶಂಶಾಬಾದ್ ಕಟ್ಟಿದವರಿಗೆ ಕೊಟ್ಟ ಒಪ್ಪಂದದಲ್ಲಿ 150 ಕಿ.ಮೀ. ಒಳಗೆ ಪೈಪೋಟಿಯ ನಿಲ್ದಾಣ ಬರಕೂಡದೆಂಬ ರಕ್ಷಣೆ ಇತ್ತು. ಆಕಾಶದಲ್ಲಿ ದಾರ ಹಿಡಿದು ಅಳೆದರೆ ಬೀದರ್ ಸುಮಾರು 125. ವಾಯುಪಡೆಯ ರನ್‌ವೇ ಇತ್ತು, ಪಕ್ಕದಲ್ಲಿ ಪ್ರಯಾಣಿಕರಿಗೆಂದು ಕಟ್ಟಡವೂ ಎದ್ದಿತು, ಬೀಗವೂ ಬಿತ್ತು. ಹಾಕಿದ ದುಡ್ಡು ಮರಳಲಿ ಎಂದು ಹೂಡಿದವರು ಕೇಳುವುದು ಸಹಜ, ಅದನ್ನು ನಾನು ಒಪ್ಪುತ್ತೇನೆ. ಆದರೆ ಅಷ್ಟು ದೊಡ್ಡ ನಿಲ್ದಾಣದ ಗಿರಾಕಿಗಳನ್ನು ಬೀದರಿನ ಒಂದು ಪುಟಾಣಿ ವಿಮಾನ ಎಳೆದುಕೊಂಡು ಹೋಗುತ್ತದೆಂಬ ಅಂಜಿಕೆ ಮಾತ್ರ ನನಗೆ ಈಗಲೂ ಅರಗಿಲ್ಲ. ಕಲಬುರಗಿ ಆ ಗೆರೆಯಿಂದ ಕೂದಲೆಳೆಯಷ್ಟು ಆಚೆ. ಅಲ್ಲಿ ಬೇರೆ ಕಾರಣಗಳಿಗೆ ತಡವಾಗಿ, 2019ರ ನವೆಂಬರಿನಲ್ಲಿ ನಿಲ್ದಾಣ ತೆರೆಯಿತು. ಕೊನೆಗೆ ಒಪ್ಪಿಗೆ ಸಿಕ್ಕು 2020ರ ಫೆಬ್ರುವರಿ 7ಕ್ಕೆ ಬೀದರಿನ ಬೀಗವೂ ತೆಗೆಯಿತು. ಬೆಂಗಳೂರಿನಿಂದ ಟ್ರೂಜೆಟ್‌ನ ಎಟಿಆರ್ ಬಂದಿಳಿಯಿತು. ಮುಂದಿನ ತಿಂಗಳೇ ಕೊರೊನಾ!

ಆಮೇಲೆ ಕಂಪನಿ ಬದಲಾಯಿತು, ಹಾರಾಟ ನಿಂತಿತು, 2025ರ ಏಪ್ರಿಲಿನಲ್ಲಿ ಮತ್ತೆ ಹೊರಟಿತು. ನನಗೆ ಬೀದರಿನ ಆ ಪುಟ್ಟ ಕಟ್ಟಡ ಇಷ್ಟ. ಸಾಲಿನಲ್ಲಿ ನಿಂತವರಲ್ಲಿ ಅರ್ಧ ಜನ ಪರಿಚಯದವರು. ಚೀಲ ಯಂತ್ರದೊಳಗೆ ಹೋಗುವಷ್ಟರಲ್ಲಿ ‘ನೀವು ಯಾರ ಪೈಕಿರೀ?’ ಎಂಬ ವಿಚಾರಣೆ ಮುಗಿದು ಸಂಬಂಧವೊಂದು ಪತ್ತೆಯಾಗಿರುತ್ತದೆ. ದುಬೈಗೆ, ಅಮೆರಿಕಕ್ಕೆ ಹೋಗುವವರಿಗೆ ಶಂಶಾಬಾದೇ ಗತಿ. ಬೆಂಗಳೂರಿಗಾದರೆ ಮನೆಯಲ್ಲಿ ಪ್ರತಿ ಸಲ ಸಭೆ ಕೂಡುತ್ತದೆ. ಅಪ್ಪ ರಾತ್ರಿರೈಲಿನ ಕಡೆ, ಮಕ್ಕಳು ವಿಮಾನದ ಕಡೆ. ಟಿಕೆಟ್ ತೆಗೆಸುವ ಮೊದಲು ಅಪ್ಪನ ಪ್ರಶ್ನೆ ಒಂದೇ: ‘ಇಮಾನ ಈ ವಾರ ಅದ ಏನು, ಕೇಳಿ ನೋಡು.’