ಮುಳುಗಡೆಯ ಊರು ಕಲಿಸಿದ ಪಾಠ

ಪರಿವರ್ತನೆಯು ಜಗದ ನಿಯಮವೆಂದು ಹೇಳುವುದು ಸುಲಭ. ಸಭೆಗಳಲ್ಲಿ ಈ ಮಾತು ಕೇಳಿದಾಗ ನಾವೆಲ್ಲರೂ ತಲೆದೂಗುತ್ತೇವೆ. ಆದರೆ ಅದೇ ಪರಿವರ್ತನೆಯು ನಮ್ಮ ಹೊಸ್ತಿಲನ್ನು ದಾಟಿ ಒಳಬಂದು, "ಏಳು, ಇನ್ನಿದು ನಿನ್ನದಲ್ಲ" ಎಂದಾಗ ತಲೆದೂಗುವವರು ವಿರಳ. ಮಗಳು ಗಂಡನ ಮನೆಗೆ ಹೋಗುವುದು, ನೌಕರಿಯಿಂದ ನಿವೃತ್ತರಾಗುವುದು, ಮುಪ್ಪು ಆವರಿಸುವುದು ಇವೆಲ್ಲವೂ ದುಃಖದಾಯಕವೇ ಆದರೂ ಅವುಗಳಿಗೆ ಹಿರಿಯರು ನಡೆದು ತೋರಿಸಿದ ದಾರಿಯೊಂದಿದೆ. ಊರಿಗೆ ಊರೇ ನೀರಿನೊಳಗೆ ಇಳಿಯುವಾಗ ಅಂಥ ದಾರಿ ಯಾವುದೂ ಕಾಣದು. ಕೃಷ್ಣಾತೀರದ ಸಾವಿರಾರು ಕುಟುಂಬಗಳು ಅದನ್ನು ಅನುಭವಿಸಿವೆ. ಅವುಗಳಲ್ಲಿ ನಮ್ಮದೂ ಒಂದು. ಆ ಅನುಭವದಿಂದ ತಿಳಿದುಬಂದ ನಾಲ್ಕು ಮಾತುಗಳನ್ನು ಭಕ್ತಬಾಂಧವರ ಮುಂದಿಡಬೇಕೆಂಬುದೇ ಈ ಬರಹದ ಉದ್ದೇಶ.

ಆಲಮಟ್ಟಿಯಲ್ಲಿ ಕೃಷ್ಣೆಗೆ ಅಣೆಕಟ್ಟು ಕಟ್ಟಲು ೧೯೬೪ರ ಮೇ ತಿಂಗಳಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲನ್ನಿಟ್ಟರು. ರಾಷ್ಟ್ರಪತಿ ಅಬ್ದುಲ್ ಕಲಾಂ ಅವರು ಅದನ್ನು ನಾಡಿಗೆ ಸಮರ್ಪಿಸಿದುದು ೨೦೦೬ರ ಆಗಸ್ಟಿನಲ್ಲಿ. ನಡುವೆ ಕಳೆದುದು ೪೨ ವರ್ಷ. ಸಮುದ್ರಮಟ್ಟದಿಂದ ೫೧೯.೬೦ ಮೀಟರಿನವರೆಗೆ ನೀರು ನಿಂತರೆ ಜಲಾಶಯದಲ್ಲಿ ಸುಮಾರು ೧೨೩ ಟಿ.ಎಂ.ಸಿ. ಸಂಗ್ರಹವಾಗುತ್ತದೆ. ಈ ಯೋಜನೆಯ ನೀರು ವಿಜಯಪುರ, ಯಾದಗಿರಿ, ರಾಯಚೂರು ಮೊದಲಾದ ಜಿಲ್ಲೆಗಳ ಬಾಯಾರಿದ ಹೊಲಗಳನ್ನು ತಣಿಸಿತು. ಅದೇ ನೀರು ಹಳೆಯ ಬಾಗಲಕೋಟೆಯ ತಗ್ಗಿನ ಓಣಿಗಳನ್ನೂ ನದೀತೀರದ ಅನೇಕ ಹಳ್ಳಿಗಳನ್ನೂ ನುಂಗಿತು. ಪಟ್ಟಣದವರಿಗಾಗಿ ನವನಗರವೆದ್ದಿತು, ಹಳ್ಳಿಗರಿಗೆ ಮಡ್ಡಿಯ ಮೇಲೆ ಪುನರ್ವಸತಿ ಕೇಂದ್ರಗಳಾದವು.

ನಮ್ಮ ಕಡೆ 'ಮುಳುಗಡೆ' ಎಂಬ ಶಬ್ದವು ನೀರು ಬರುವುದಕ್ಕಿಂತ ಎಷ್ಟೋ ವರ್ಷ ಮೊದಲೇ ಬಂದಿತ್ತು. ಊರಿನ ಹೆಸರು ಯಾದಿಯಲ್ಲಿ ಸೇರಿದಂದಿನಿಂದ ಯಾರೂ ಮಾಳಿಗೆಗೆ ಹೊಸ ಮಣ್ಣು ಹಾಕಲಿಲ್ಲ. ಬಿರುಕುಬಿಟ್ಟ ಗೋಡೆಗೆ ಮೆತ್ತಲಿಲ್ಲ. ಮುಳುಗಡೆಯ ಊರಿಗೆ ಹೆಣ್ಣು ಕೊಡಲು ಬೀಗರು ಹಿಂದೆಮುಂದೆ ನೋಡಿದರು. ಇಂದೋ ನಾಳೆಯೋ ಹೋಗುವವರು ನಾವು ಎಂಬ ಒಂದೇ ಭಾವದಲ್ಲಿ ಒಂದು ತಲೆಮಾರು ಬೆಳೆದು ದೊಡ್ಡದಾಯಿತು. ನೀರು ಊರನ್ನು ಮುಳುಗಿಸಿದುದು ಕೆಲವೇ ದಿನಗಳಲ್ಲಿ; ಕಾಯುವಿಕೆಯು ಅದನ್ನು ದಶಕಗಳ ಕಾಲ ಮುಳುಗಿಸುತ್ತಲೇ ಇತ್ತು. ಬರಲಿರುವ ಬದಲಾವಣೆಗೆ ಹೆದರಿ ಇಂದಿನ ಕೆಲಸವನ್ನು ಕೈಬಿಟ್ಟವನು ಎರಡು ಸಲ ಕಳೆದುಕೊಳ್ಳುತ್ತಾನೆ ಎಂಬುದು ನಾನು ಅಲ್ಲಿ ಕಂಡ ಮೊದಲನೆಯ ಸತ್ಯ.

ಕೊನೆಗೆ ಹೊರಡುವ ದಿನ ಬಂದಿತು. ಎಲ್ಲರೂ ತಮ್ಮ ಮನೆಗಳನ್ನು ತಾವೇ ಬಿಚ್ಚಿದರು. ತೊಲೆ, ಕಂಬ, ಜಂತಿ, ಬಾಗಿಲುಗಳು ಟ್ರ್ಯಾಕ್ಟರನ್ನೇರಿದವು. ಅಜ್ಜಂದಿರ ಕಾಲದಿಂದ ಜೋಳವನ್ನು ಕಾಪಾಡಿದ್ದ ಹಗೇವುಗಳು ಮಾತ್ರ ನೆಲದೊಳಗೇ ಉಳಿದವು. ಹಗೇವನ್ನು ಹೊತ್ತೊಯ್ಯುವ ಬಗೆಯೆಲ್ಲಿ? ಅದಕ್ಕಿಂತ ಕಠಿಣವಾದುದು ರುದ್ರಭೂಮಿಯನ್ನು ಬಿಡುವುದು. ನಮ್ಮವರು ಲಿಂಗೈಕ್ಯರಾದವರನ್ನು ಮಣ್ಣಿನ ಮಡಿಲಿಗೆ ಒಪ್ಪಿಸುವವರು. ಪಾತ್ರೆಪಡಗ ಒಯ್ಯಬಹುದು, ಸಮಾಧಿಯನ್ನು ಒಯ್ಯಲಾಗದು. ಅಮಾವಾಸ್ಯೆಗೊಮ್ಮೆ ಹೋಗಿ ಹೂವು ಪತ್ರಿ ಏರಿಸುತ್ತಿದ್ದ ಆ ಸ್ಥಳದ ಮೇಲೆ ಇನ್ನು ನೀರು ನಿಲ್ಲುವುದೆಂಬ ಯೋಚನೆಗೆ ಗಟ್ಟಿಮನಸ್ಸಿನವರೂ ಕಣ್ಣೊರೆಸಿಕೊಂಡರು. ಅನೇಕರು ಹಿರಿಯರ ಸಮಾಧಿಯಿಂದ ಹಿಡಿ ಮಣ್ಣನ್ನು ಅರಿವೆಯಲ್ಲಿ ಕಟ್ಟಿಕೊಂಡರು. ಊರು ಬಿಡಲು ಎಲ್ಲರಿಗಿಂತಲೂ ಹೆಚ್ಚು ವಿರೋಧಿಸಿದ್ದ ನಮ್ಮ ತಂದೆಯವರು ಮಾತ್ರ ನಮಸ್ಕರಿಸಿ ಬರಿಗೈಯಲ್ಲಿ ಎದ್ದರು. ಏಕೆಂದು ಕೇಳಿದರೆ, "ಲಿಂಗ ಎದಿ ಮ್ಯಾಲೆ ಐತಿ. ಮಣ್ಣ ಯಾಕ ಹೊರೂದು, ತಮ್ಮಾ?" ಎಂದರು.

ಅದು ದೊಡ್ಡ ಮಾತು. ಆದರೆ ಅದನ್ನಾಡಿದವರೇ ಹೊಸ ಊರಿಗೆ ಬಂದ ಮೇಲೆ ಎರಡು ವರ್ಷ ಮಂಕು ಬಡಿದವರಂತೆ ಕುಳಿತರೆಂಬುದನ್ನೂ ಹೇಳಬೇಕು. ಪೂಜೆ ತಪ್ಪಲಿಲ್ಲ, ಊಟ ತಪ್ಪಲಿಲ್ಲ. ಹೊಲದ ಕಡೆಗೆ ಮಾತ್ರ ಅವರು ಹೊರಳಿ ನೋಡಲಿಲ್ಲ. ಜೀವಮಾನವೆಲ್ಲ ಹೊಳೆದಂಡೆಯ ಎರೆಭೂಮಿಯಲ್ಲಿ ಬಿಳಿಜೋಳ, ಕಡಲೆ, ಕುಸುಬೆ ಬೆಳೆದ ಎಪ್ಪತ್ತು ದಾಟಿದ ಒಕ್ಕಲಿಗನಿಗೆ ಕಲ್ಲುಮಡ್ಡಿಯ ನಾಲ್ಕು ಎಕರೆ ಹೊಲವೆಂದೇ ತೋರಲಿಲ್ಲ. ಅರಿವು ಮುಂದೆ ಹೋದರೂ ಮನಸ್ಸು ಹಿಂದೆಯೇ ಉಳಿಯುವುದುಂಟು. ಅದಕ್ಕೆ ಕಾಲಾವಕಾಶ ಕೊಡಬೇಕು. ಅವಸರದಿಂದ ಉಪದೇಶಿಸಿದವರಿಗೆಲ್ಲ ತಂದೆಯವರು ಮೌನದಿಂದಲೇ ಉತ್ತರವಿತ್ತರು.

ಅವರನ್ನು ಎಬ್ಬಿಸಿದುದು ಉಪದೇಶವಲ್ಲ, ಕಾಯಕ. ಹಿಂದೆ ನಮ್ಮ ಹೊಲಕ್ಕೆ ಕೂಲಿಗೆ ಬರುತ್ತಿದ್ದ ಮನೆತನದ ತರುಣನೊಬ್ಬನಿದ್ದನು. ಅವನು ಕೆಲಕಾಲ ಸೊಲ್ಲಾಪುರದ ಕಡೆಯ ದಾಳಿಂಬೆ ತೋಟಗಳಲ್ಲಿ ದುಡಿದು ಬಂದಿದ್ದನು. ಮಡ್ಡಿಯ ನೆಲಕ್ಕೆ ದಾಳಿಂಬೆ ಒಗ್ಗುತ್ತದೆಂದು ಅವನೇ ತೋರಿಸಿಕೊಟ್ಟನು. ಗುಣಿ ಎಷ್ಟು ಆಳವಿರಬೇಕು, ಹನಿನೀರು ಎಷ್ಟು ಹೊತ್ತು ಬಿಡಬೇಕು, ಚಾಟ್ನಿಯಲ್ಲಿ ಯಾವ ಟೊಂಗೆಯನ್ನು ಕತ್ತರಿಸಿ ಯಾವುದನ್ನು ಉಳಿಸಬೇಕು ಎಂಬುದನ್ನೆಲ್ಲ ತಂದೆಯವರು ಗಿಡದ ಬುಡದಲ್ಲಿ ಕುಕ್ಕರುಗಾಲಿನಲ್ಲಿ ಕುಳಿತು ಆ ಹುಡುಗನಿಂದ ಕಲಿತರು. ಹಳೆಯ ಊರಿನಲ್ಲಿ ಅವನ ತಂದೆಯನ್ನು ಏಕವಚನದಲ್ಲಿ ಕೂಗಿ ಕರೆದವರು, ಇಲ್ಲಿ ಮಗನನ್ನು "ಬಾರಪ್ಪಾ, ಕುಂಡ್ರು" ಎಂದು ಪಡಸಾಲೆಗೆ ಕರೆದರು. ನಮ್ಮ ತಾಯಿಯವರು ಅವನಿಗೆ ಒಳಗೇ ಎಡೆಮಾಡಿ ಬಡಿಸಿದರು.

ಈ ಸಣ್ಣ ಸಂಗತಿಯೇ ನನ್ನನ್ನು ದೀರ್ಘಕಾಲ ಚಿಂತನೆಗೆ ಹಚ್ಚಿತು. ನಮ್ಮ ಹಳೆಯ ಊರು ಸುಂದರವಾಗಿತ್ತು. ಅದನ್ನು ನೆನೆದರೆ ಇಂದಿಗೂ ಎದೆ ತುಂಬಿಬರುತ್ತದೆ. ಆದರೆ ಆ ಊರಿಗೊಂದು ಮೇಲಿನ ಓಣಿಯಿತ್ತು, ದೂರಕ್ಕೊಂದು ಕೇರಿಯಿತ್ತು. ಎರಡಕ್ಕೂ ಬೇರೆ ಬೇರೆ ಬಾವಿಗಳಿದ್ದವು. ಹೊಸ ಊರಿನ ನಮ್ಮ ಸಾಲಿನಲ್ಲಿ ಪ್ಲಾಟುಗಳು ಚೀಟಿಯೆತ್ತಿ ಹಂಚಿಕೆಯಾದುದರಿಂದ ಯಾರ ಪಕ್ಕಕ್ಕೆ ಯಾರೋ ಬಂದರು. ಸಾಲಿಗೆಲ್ಲ ಒಂದೇ ನಲ್ಲಿ. ಮೊದಲು ಗೊಣಗಾಟವಾಯಿತು. ಆಮೇಲೆ ಕೊಡಗಳು ಒಂದರ ಹಿಂದೊಂದು ನಿಂತವು. ಬಸವಣ್ಣನವರ ನಾಮವನ್ನು ತಲೆಮಾರುಗಳಿಂದ ಹಾಡುತ್ತ ಬಂದ ಊರು ತಾನಾಗಿ ಒಡೆಯದ ಗೋಡೆಯನ್ನು ನೀರು ಬಂದು ಒಡೆಯಿತು. ಬಾಲ್ಯದಲ್ಲಿ ಮಠದ ಪ್ರಸಾದ ನಿಲಯದಲ್ಲಿದ್ದ ನನ್ನಂಥವರಿಗೆ ಇದು ಹೊಸದಲ್ಲ. ಅಲ್ಲಿ ಯಾವ ಊರು, ಯಾವ ಮನೆ ಎಂದು ಕೇಳದೆ ಒಂದೇ ಪಂಕ್ತಿಯಲ್ಲಿ ರೊಟ್ಟಿ ಮತ್ತು ಸಾರನ್ನು ನೀಡುತ್ತಿದ್ದರು. ರಜೆಗೆ ಊರಿಗೆ ಹೋದಾಗ ಕಾಣದಿದ್ದ ಆ ಪಂಕ್ತಿಯು ಮುಳುಗಡೆಯ ನಂತರ ಊರಿನಲ್ಲಿಯೇ ಕಂಡಿತು. ನಾವು ಕಳೆದುಕೊಂಡುದರಲ್ಲಿ ಕಳೆಯಲೇಬೇಕಾದುದೂ ಸ್ವಲ್ಪವಿತ್ತು. ಇದನ್ನು ಅರಿತಂದೇ ನಮಗೆ ಹೊಸ ಊರು ನಮ್ಮ ಊರಾಯಿತು.

ಶರಣರ ಚರಿತ್ರೆಯನ್ನು ಈ ದೃಷ್ಟಿಯಿಂದ ನೋಡಿದರೆ ಅದು ಬಿಟ್ಟು ನಡೆದವರ ಚರಿತ್ರೆಯೇ ಆಗಿದೆ. ಬಸವಣ್ಣನವರು ಬಾಗೇವಾಡಿಯನ್ನು ಬಿಟ್ಟು ಕೂಡಲಸಂಗಮಕ್ಕೆ ಬಂದರು. ಅಲ್ಲಿಂದ ಮಂಗಳವಾಡಕ್ಕೂ ಕಲ್ಯಾಣಕ್ಕೂ ಹೋದರು. ಕಡೆಗೆ ಕಲ್ಯಾಣವನ್ನೂ ತೊರೆದರು. ಕಲ್ಯಾಣದ ವಿಪ್ಲವದ ತರುವಾಯ ಚೆನ್ನಬಸವಣ್ಣನವರೊಡನೆ ಶರಣರು ಉಳವಿಯ ಕಾಡನ್ನು ಸೇರಿದರು. ಮಹಾಮನೆಯನ್ನು ಅವರು ಹೊತ್ತೊಯ್ಯಲಿಲ್ಲ, ಅನುಭವ ಮಂಟಪವನ್ನೂ ಹೊತ್ತೊಯ್ಯಲಿಲ್ಲ. ವಚನದ ಕಟ್ಟುಗಳನ್ನು ಹೊತ್ತರು. ಇಷ್ಟಲಿಂಗವು ಅಂಗದ ಮೇಲಿರುವುದರ ಒಂದು ಅರ್ಥ ನನಗೆ ಹೊಳೆದುದು ಮುಳುಗಡೆಯ ಮೇಲೆಯೇ. ಅದು ಮನುಷ್ಯನೊಂದಿಗೆ ನಡೆಯುವ ದೇವಾಲಯ. ಕೂಡಲಸಂಗಮದ ಐಕ್ಯಸ್ಥಳಕ್ಕೂ ನಾರಾಯಣಪುರದ ಬಸವಸಾಗರದ ಹಿನ್ನೀರು ತಾಗಿತು. ಸುತ್ತ ಎತ್ತರವಾದ ಗೋಡೆ ಕಟ್ಟಿ ಅದನ್ನು ಉಳಿಸಿಕೊಂಡಿದ್ದಾರೆ. ಇಂದು ನಾವು ಮೆಟ್ಟಿಲಿಳಿದು ಹೋಗಿ ದರ್ಶನ ಪಡೆಯುತ್ತೇವೆ. ಉಳಿಸಬೇಕಾದುದನ್ನು ಉಳಿಸಿಕೊಳ್ಳಲು ಶ್ರಮಿಸಲೇಬೇಕು. ಎಲ್ಲವನ್ನೂ ಉಳಿಸಿಕೊಳ್ಳುವೆನೆಂಬ ಹಟವು ಮಾತ್ರ ಬಾಳನ್ನು ಕೆಡಿಸುತ್ತದೆ.

ಹೊಂದಿಕೊಳ್ಳುವುದೆಂದರೆ ಅನ್ಯಾಯಕ್ಕೆ ತಲೆಬಾಗುವುದೆಂದು ಯಾರೂ ತಿಳಿಯಬಾರದು. ಪರಿಹಾರವು ನ್ಯಾಯವಾಗಿ ಸಿಗಬೇಕು, ಸಕಾಲಕ್ಕೆ ಸಿಗಬೇಕು. ನಮ್ಮ ತಂದೆಯವರು ಪರಿಹಾರದ ಹೆಚ್ಚಳಕ್ಕಾಗಿ ನ್ಯಾಯಾಲಯದ ಮೆಟ್ಟಿಲನ್ನೂ ಹತ್ತಿದರು, ದಾಳಿಂಬೆಯ ಗಿಡಗಳಿಗೆ ನೀರನ್ನೂ ಬಿಟ್ಟರು. ಒಂದಕ್ಕಾಗಿ ಇನ್ನೊಂದನ್ನು ನಿಲ್ಲಿಸಲಿಲ್ಲ. ಪರಿಹಾರದ ಹಣವನ್ನು ಎರಡೇ ವರ್ಷದಲ್ಲಿ ಮೋಟಾರು ಸೈಕಲ್ಲಿಗೂ ಮದುವೆಯ ಆಡಂಬರಕ್ಕೂ ಸುರಿದು ಬರಿಗೈಯಾದ ಮನೆಗಳನ್ನೂ ನಾವು ಕಂಡೆವು. ಕಾಯಕವಿಲ್ಲದ ಕೈಗೆ ಬಂದ ಹಣವು ಮಳಲಿನಲ್ಲಿ ನೀರು ಇಂಗುವಂತೆ ಇಂಗಿಹೋಗುತ್ತದೆ.

ಎರಡನೆಯ ಕೃಷ್ಣಾ ನ್ಯಾಯಾಧಿಕರಣವು ೨೦೧೦ರ ತೀರ್ಪಿನಲ್ಲಿ ಆಲಮಟ್ಟಿಯ ಮಟ್ಟವನ್ನು ೫೨೪.೨೫೬ ಮೀಟರಿಗೆ ಏರಿಸಲು ಸಮ್ಮತಿಸಿದೆ. ಆದುದರಿಂದ ನಮ್ಮಂತೆಯೇ ಊರು ಬಿಡಬೇಕಾದ ಬಂಧುಗಳು ಇನ್ನೂ ಇದ್ದಾರೆ. ಅವರಲ್ಲಿ ಈ ಪತ್ರಿಕೆಯ ಓದುಗರೂ ಇರಬಹುದು. ಅವರಲ್ಲಿ ನನ್ನ ಅರಿಕೆಯಿಷ್ಟೇ. ಹೊರಡುವ ದಿನದವರೆಗೂ ಮಾಳಿಗೆಗೆ ಮಣ್ಣು ಹಾಕಿರಿ, ಮಕ್ಕಳನ್ನು ಶಾಲೆಗೆ ಕಳುಹಿಸಿರಿ. ಹಿರಿಯರ ಸಮಾಧಿಗೆ ಶಾಂತಮನಸ್ಸಿನಿಂದ ಶರಣೆನ್ನಿರಿ. ಹೊಸ ಊರಿನಲ್ಲಿ ಮೊದಲು ಒಂದು ಬೇವಿನ ಸಸಿ ನೆಡಿರಿ; ಪಕ್ಕದ ಮನೆಯವರು ಯಾರೇ ಇರಲಿ, ಕರೆದು ಪ್ರಸಾದ ನೀಡಿರಿ. ಮನೆಯ ಹಿರಿಯರು ಮೌನವಾಗಿ ಕುಳಿತರೆ ಅವರನ್ನು ಗದರಿಸದೆ, ಅವರ ಕೈಗೊಂದು ಕೆಲಸವನ್ನು ಮೆಲ್ಲನೆ ತಂದಿಡಿರಿ. ನೆಲ ಬದಲಾದರೂ ದಾಸೋಹ ನಿಲ್ಲದಿದ್ದರೆ ಊರು ಉಳಿದಂತೆಯೇ ಸರಿ.