ಕಲ್ಲುಹಿಟ್ಟಿನ ಕೊಳ

ಕೆನಡಾದ ಆಲ್ಬರ್ಟಾ ಪ್ರಾಂತದಲ್ಲಿ, ಲೇಕ್ ಲೂಯಿಸ್‌ನಿಂದ ಜಾಸ್ಪರಿನತ್ತ ಸಾಗುವ ಹೆದ್ದಾರಿ ಬೋ ಕಣಿವೆಯ ನೆತ್ತಿಯನ್ನೇರಿದಾಗ ಎಡಗಡೆಯ ಕಾಡಿನ ಆಚೆ ಪೇಟೋ ಸರೋವರ ತೆರೆದುಕೊಳ್ಳುತ್ತದೆ. ಸುಮಾರು 2.8 ಕಿಲೋಮೀಟರ್ ಉದ್ದದ ಈ ಕೊಳದ ಆಕಾರ ಮೇಲಿನಿಂದ ನೋಡುವವರಿಗೆ ತೋಳದ ತಲೆಯಂತೆ ತೋರುತ್ತದೆ. ಆದರೆ ಕಣ್ಣು ನಿಲ್ಲುವುದು ಆಕಾರದಲ್ಲಲ್ಲ, ಬಣ್ಣದಲ್ಲಿ. ನೀಲಿಯೆನ್ನಲೂ ಹಸಿರೆನ್ನಲೂ ಆಗದ, ವೈಡೂರ್ಯವನ್ನು ಅರೆದು ಕದಡಿದಂಥ ಬಣ್ಣ ಅದು. ನೀರಿಗೆ ಯಾರೋ ಬಣ್ಣ ಸುರಿದಿರಬೇಕೆಂದು ಪ್ರವಾಸಿಗರು ಶಂಕಿಸುವುದೂ ಸಹಜವೇ.

ಬಣ್ಣದ ಮೂಲ ಮೇಲಿನ ಪೇಟೋ ಹಿಮನದಿಯಲ್ಲಿದೆ. ಹಿಮನದಿ ನಿಂತ ಮಂಜುಗಡ್ಡೆಯಲ್ಲ. ತನ್ನದೇ ಭಾರಕ್ಕೆ ಅತಿ ನಿಧಾನವಾಗಿ ಕೆಳಜಾರುವ ಹೊಳೆ. ಅದರ ತಳದಲ್ಲಿ ಸಿಕ್ಕಿಕೊಂಡ ಕಲ್ಲುಗಳು ಅಡಿಯ ಬಂಡೆಯನ್ನು ಬೀಸುವ ಕಲ್ಲಿನಂತೆ ತೇಯುತ್ತವೆ. ಹೊರಬೀಳುವುದು ರಾಗಿಹಿಟ್ಟಿಗಿಂತಲೂ ನಯವಾದ ಕಲ್ಲುಹಿಟ್ಟು. ಬೇಸಿಗೆಯಲ್ಲಿ ಕರಗಿದ ನೀರು ಅದನ್ನು ಹೊತ್ತು, ಕೊಳದ ತಲೆಯಲ್ಲಿ ಹರಡಿಕೊಂಡಿರುವ ಜಲ್ಲಿಯ ಬಯಲನ್ನು ಹಲವು ಕವಲುಗಳಾಗಿ ದಾಟಿ ಬರುತ್ತದೆ. ದಪ್ಪ ಮರಳು ಅಲ್ಲೇ ಇಳಿಯುತ್ತದೆ. ಅತಿ ಸೂಕ್ಷ್ಮ ಕಣಗಳು ಮಾತ್ರ ಕೊಳದಲ್ಲಿ ವಾರಗಟ್ಟಲೆ ತೇಲುತ್ತವೆ. ಕೆಂಪು ಬೆಳಕನ್ನು ನೀರು ಹೀರಿಕೊಳ್ಳುತ್ತದೆ, ಉಳಿದ ನೀಲಿ ಹಸಿರನ್ನು ಕಣಗಳು ಚೆದರಿಸಿ ನಮ್ಮ ಕಣ್ಣಿಗೆ ಹಿಂದಿರುಗಿಸುತ್ತವೆ. ಅದೇ ನೀರನ್ನು ಸೀಸೆಯಲ್ಲಿ ತುಂಬಿದರೆ ಬಣ್ಣವಿಲ್ಲ, ತುಸು ಮಬ್ಬಷ್ಟೇ. ವಸಂತದಲ್ಲಿ, ಮಂಜು ಒಡೆದ ಹೊಸದರಲ್ಲಿ, ಕೊಳ ಕಡುನೀಲಿ. ಬಿಸಿಲೇರಿ ಹಿಟ್ಟು ಕೊಳಕ್ಕೆ ಇಳಿದು ಬಂದಂತೆ ಮಬ್ಬಾಗಿ ವೈಡೂರ್ಯದ ಬಣ್ಣಕ್ಕೆ ತಿರುಗುತ್ತ ಹೋಗುತ್ತದೆ.

ಕೊಳಕ್ಕೂ ಹಿಮನದಿಗೂ ಬಿಲ್ ಪೇಟೋ ಎಂಬ ಮಾರ್ಗದರ್ಶಿಯ ಹೆಸರಿದೆ. ಇಂಗ್ಲೆಂಡಿನಿಂದ ವಲಸೆ ಬಂದು, ಕುದುರೆಗಳ ಮೇಲೆ ಪ್ರವಾಸಿಗರನ್ನು ಈ ಬೆಟ್ಟಗಳಿಗೆ ಕರೆದೊಯ್ದು, ಮುಂದೆ ಬ್ಯಾನ್ಫ್ ಉದ್ಯಾನದ ಕಾವಲುಗಾರನಾದವನು ಆತ. ಆತ ಕಂಡ ಹಿಮನದಿ ಇಂದಿನದಕ್ಕಿಂತ ಬಹಳ ದೊಡ್ಡದು. 1960ರ ದಶಕದಿಂದ ವಿಜ್ಞಾನಿಗಳು ಅದನ್ನು ಅಳೆಯುತ್ತ ಬಂದಿದ್ದಾರೆ. ಈ ಅವಧಿಯಲ್ಲೇ ಅದು ತನ್ನ ಮೈಯ ಹೆಚ್ಚಿನ ಪಾಲನ್ನು ಕಳೆದುಕೊಂಡಿದೆ. ಅದು ಹಿಂಜರಿದ ತಾಣದಲ್ಲಿ ಮತ್ತೊಂದು ಪುಟ್ಟ ಕೊಳ ಹುಟ್ಟಿಕೊಂಡಿದೆ. ಕರಗಿದ ನೀರು ಮೊದಲು ಅಲ್ಲಿ ತಂಗುವುದರಿಂದ ಹಿಟ್ಟಿನ ಒಂದು ಭಾಗ ಅದರ ತಳಕ್ಕೇ ಸೇರುತ್ತದೆ, ಕೆಳಗಿನ ಕೊಳಕ್ಕೆ ಇಳಿಯುವುದು ಮಿಕ್ಕದ್ದು ಮಾತ್ರ.

ಬೀಸುವ ಕಲ್ಲು ಸವೆದು ಹೋದ ಮೇಲೂ ಮಳೆ, ಹಿಮಗಳ ನೀರು ಕೊಳಕ್ಕೆ ಬರುತ್ತಲೇ ಇರುತ್ತದೆ. ಅಲ್ಲಿಂದ ಮಿಸ್ಟಾಯಾ ನದಿಯಾಗಿ ಹೊರಟು, ನಾರ್ತ್ ಸಸ್ಕ್ಯಾಚೆವನ್ ಸೇರಿ, ಕೊನೆಗೆ ಹಡ್ಸನ್ ಕೊಲ್ಲಿಯನ್ನು ಮುಟ್ಟುತ್ತದೆ. ಆ ನೀರು ಬೆಟ್ಟದ ಬೇರೆ ಕೊಳಗಳಂತೆ ತಿಳಿಯಾಗಿ, ಕಡುನೀಲಿಯಾಗಿರುತ್ತದೆ.