ಪೆಟ್ಟಿಗೆಗೆ ಕೇಳದ ‘ವನ್ಸ್ ಮೋರ್’

ಕಂಪನಿ ನಾಟಕದ ಶಕುಂತಲೆಗೆ ಅಳುವುದೊಂದೇ ಗೊತ್ತಿದ್ದರೆ ಸಾಲದು. ಕಟ್ಟಕಡೆಯ ಸಾಲಿನ ನಾಲ್ಕಾಣೆಯ ಪ್ರೇಕ್ಷಕನಿಗೂ ಆ ಅಳು ಮುಟ್ಟಬೇಕು. ಕಣ್ಣೀರು ಅಷ್ಟು ದೂರ ಕಾಣುವುದುಂಟೆ? ಆದುದರಿಂದ ಅದನ್ನು ಹಾಡಬೇಕು. ಯಲಬುರ್ಗಾ ಸೀಮೆಯ ಆ ವೃದ್ಧನು ತಾರುಣ್ಯದಲ್ಲಿ ಕಲಿತ ವಿದ್ಯೆ ಇದು. ಗಂಡಸರೇ ಸ್ತ್ರೀಪಾತ್ರ ವಹಿಸುತ್ತಿದ್ದ ದಿನಗಳಲ್ಲಿ ಅವನು ಸೀರೆಯುಟ್ಟು, ಕೊಪ್ಪಳ, ಗಂಗಾವತಿ, ಕುಷ್ಟಗಿಗಳ ಡೇರೆಗಳಲ್ಲಿ ಶಕುಂತಲೆಯಾಗಿದ್ದನು. ವಿರಹದ ಪದ ಮುಗಿಯುತ್ತಲೇ ‘ವನ್ಸ್ ಮೋರ್’ ಎಂಬ ಕೂಗೇಳುತ್ತಿತ್ತು. ದುಷ್ಯಂತನು ಕಾದು ನಿಲ್ಲುತ್ತಿದ್ದನು. ಶಕುಂತಲೆ ಮತ್ತೊಮ್ಮೆ ಹಾಡುತ್ತಿದ್ದಳು.

1975ರ ಆಗಸ್ಟ್ 1ರಂದು ದೂರದರ್ಶನವು ಆಕಾಶಮಾರ್ಗದಿಂದ ಈ ಸೀಮೆಗೆ ಇಳಿಯಿತು. ಅಮೆರಿಕದ ಉಪಗ್ರಹವೊಂದರ ನೆರವಿನಿಂದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗಾಗಿ ಒಂದು ವರ್ಷ ನಡೆದ ಪ್ರಯೋಗವದು. ಕರ್ನಾಟಕದಲ್ಲಿ ಅದಕ್ಕೆ ಆಯ್ದದ್ದು ಬಿಜಾಪುರ, ಗುಲ್ಬರ್ಗಾ, ರಾಯಚೂರು ಜಿಲ್ಲೆಗಳನ್ನು; ಇಂದಿನ ಕೊಪ್ಪಳ ಜಿಲ್ಲೆಯ ಊರುಗಳೆಲ್ಲ ಆಗ ರಾಯಚೂರಿಗೇ ಸೇರಿದ್ದವು. ಶಾಲೆಯ ಬಳಿ ತಂತಿಬಲೆಯ ದೊಡ್ಡದೊಂದು ಬುಟ್ಟಿ, ಒಳಗೆ ಪೆಟ್ಟಿಗೆ, ಅದರ ಮುಂದೆ ಊರಿಗೆ ಊರೇ!

ಒಂದು ಸಂಜೆ ಬೇಸಾಯದ ಪಾಠ ಮುಗಿದು ನಾಟಕದ ದೃಶ್ಯವೊಂದು ಬಂದಿತು. ನಾಯಿಕೆಯ ಮುಖವೇ ತೆರೆಯ ತುಂಬ. ಅವಳು ತನ್ನಷ್ಟಕ್ಕೆ ತಾನೆಂಬಂತೆ ಎರಡು ಸಾಲು ಹಾಡಿದಳು. ಒಂದು ಹನಿ ಕೆನ್ನೆಯ ಮೇಲೆ ಇಳಿಯಿತು. ವೃದ್ಧನು ಬೆರಗಾದನು. ತಾನು ಗಂಟಲು ಹರಿದುಕೊಂಡು ಮುಟ್ಟಿಸುತ್ತಿದ್ದುದನ್ನು ಇವಳು ಬರಿಯ ಉಸಿರಿನಲ್ಲಿ ಮುಟ್ಟಿಸಿದಳಲ್ಲ! ಅಸೂಯೆಗಿಂತ ಮೊದಲು ಮೆಚ್ಚುಗೆಯೇ ಬಾಯಿಗೆ ಬಂದಿತು:

“ವನ್ಸ್ ಮೋರ್!”

ಮರುಕ್ಷಣವೇ ತೆರೆಯ ಮೇಲೆ ಗೊಬ್ಬರದ ಚೀಲ ಕಾಣಿಸಿತು. ಹುಡುಗರು ಗೊಳ್ಳೆಂದು ನಕ್ಕರು. “ಯಜ್ಜಾ, ಅದಕ್ಕ ನಿನ್ನ ಕೂಗು ಕೇಳಸಂಗಿಲ್ಲ” ಎಂದನೊಬ್ಬ ಪೋರ.

ದೂರದರ್ಶನವು ಹುಟ್ಟುತ್ತಲೇ ಹೀಗೆ ಕಿವುಡಾಗಿರಲಿಲ್ಲ. 1947ರಲ್ಲಿ ಬಿ.ಬಿ.ಸಿ.ಯು ‘ರೋಮಿಯೋ ಅಂಡ್ ಜೂಲಿಯೆಟ್’ ನಾಟಕವನ್ನು ತೋರಿಸಿದ ಕಾಲದಲ್ಲಿ ಪ್ರಸಾರ ನೇರವಾಗಿಯೇ ನಡೆಯುತ್ತಿತ್ತು. ನಾಟಕವನ್ನು ಮತ್ತೊಮ್ಮೆ ತೋರಿಸಬೇಕಾದರೆ ನಟರೇ ಮತ್ತೊಮ್ಮೆ ಬಣ್ಣ ಹಚ್ಚಬೇಕಿತ್ತು. ದೃಶ್ಯವನ್ನು ಮುದ್ರಿಸಿಡುವ ವಿದ್ಯೆ ಬಳಕೆಗೆ ಬಂದ ಮೇಲೆ ಆ ಶ್ರಮ ತಪ್ಪಿತು. ಅದರೊಡನೆ, ಹಾಡುವವರಿಗೂ ಕೇಳುವವರಿಗೂ ನಡುವೆ ಇದ್ದ ಕೊಡುಕೊಳೆಯೂ ತಪ್ಪಿತೆನ್ನಬೇಕು.

ಪೆಟ್ಟಿಗೆ ಆರಿತು. ಜನ ಏಳುವಷ್ಟರಲ್ಲಿ ಅದೇ ಪೋರ, “ಹಂಗಾರ ನೀನ ಹಾಡ ಯಜ್ಜಾ” ಎಂದನು. ವೃದ್ಧನು ಕಂಬಕ್ಕೆ ಒರಗಿ, ಕಣ್ಣು ಮುಚ್ಚಿ, ಹಳೆಯ ಪದವನ್ನೆತ್ತಿದನು. ಮೇಲಿನ ಸ್ವರದಲ್ಲಿ ದನಿ ಒಡೆಯಿತು. ಯಾರೂ ನಗಲಿಲ್ಲ. ಕತ್ತಲೆಯ ಕಡೆಯ ಸಾಲಿನಿಂದ ಮಾತ್ರ, ತಡವಾಗಿ, ಮುದಿದನಿಯೊಂದು ಕೇಳಿಬಂದಿತು:

“ವನ್ಸ್ ಮೋರ್.”